ಮಸಾಲೆ ಮೀನಿಗೆ ಮನೆಯಲ್ಲೇ ಹೊಗೆ ಹಾಕುವ ಕ್ರಮ

ತುಂಗಭದ್ರಾ ಜಲಾಶಯದ ಕಾಟ್ಲಾ, ರೋಹು ಮೀನುಗಳು ಬಳ್ಳಾರಿ, ಕೊಪ್ಪಳ, ರಾಯಚೂರು ಜಿಲ್ಲೆಗಳ ಅಡುಗೆಮನೆಗೆ ಬಂದರೆ ಸಾಮಾನ್ಯವಾಗಿ ಹುಳಿಸಾರಾಗುತ್ತವೆ, ಇಲ್ಲವೇ ಖಾರ ಹಚ್ಚಿಕೊಂಡು ತವೆ ಏರುತ್ತವೆ. ಹೊಗೆ ಹಾಕಿದ ಮೀನಿನ ರೂಢಿ ನಮ್ಮ ಕಡೆ ಅಷ್ಟಾಗಿ ಇಲ್ಲ. ಆದರೆ ಅದಕ್ಕೆ ಬೇಕಾದ ಸಾಮಗ್ರಿಯೆಲ್ಲ ಇಲ್ಲಿಯೇ ಸಿಗುತ್ತದೆ: ಗಂಗಾವತಿ, ಸಿಂಧನೂರು ಭಾಗದ ಅಕ್ಕಿ ಗಿರಣಿಗಳ ಭತ್ತದ ಹೊಟ್ಟು, ತೋಟದ ಮಾವಿನ ಒಣಕಟ್ಟಿಗೆ, ಖಾಲಿ ಎಣ್ಣೆ ಡಬ್ಬಿ ಮತ್ತು ವರ್ಷದ ಬಹುಭಾಗ ಒಣಗಿಯೇ ಇರುವ ಗಾಳಿ. ತೊಡಕಿರುವುದು ಬಿಸಿಲಿನಲ್ಲಿ. ಬೇಸಿಗೆಯಲ್ಲಿ 40 ಡಿಗ್ರಿ ಸೆಲ್ಸಿಯಸ್ ದಾಟುವ ಊರಿನಲ್ಲಿ ಹಸಿ ಮೀನನ್ನು ಗಂಟೆಗಟ್ಟಲೆ ಹೊರಗಿಟ್ಟು ಮಾಡುವ ಯಾವ ಕೆಲಸಕ್ಕೂ ಲೆಕ್ಕಾಚಾರ ಬೇಕಾಗುತ್ತದೆ. ಆದ್ದರಿಂದ ಮೊದಲ ಸಲ ಮಾಡುವವರು ನವೆಂಬರ್‌ನಿಂದ ಫೆಬ್ರವರಿಯೊಳಗಿನ ಒಂದು ದಿನವನ್ನು ಆರಿಸಿಕೊಂಡು, ಬೆಳಗಿನ ಜಾವ ಅಥವಾ ಸಂಜೆ ಕೆಲಸ ಆರಂಭಿಸುವುದು ಉತ್ತಮ.

ಎಲ್ಲಕ್ಕಿಂತ ಮೊದಲು ಒಂದು ತಪ್ಪು ತಿಳಿವಳಿಕೆಯನ್ನು ಬಿಡಬೇಕು. ಹೊಗೆ ಹಾಕಿದರೆ ಮೀನು ಕೆಡುವುದಿಲ್ಲ ಎಂದು ಹಲವರು ನಂಬಿದ್ದಾರೆ. ಹೊಗೆಯಲ್ಲಿರುವ ಕೆಲವು ರಾಸಾಯನಿಕಗಳು ಮೀನಿನ ಮೇಲ್ಮೈಯಲ್ಲಿ ಸೂಕ್ಷ್ಮಜೀವಿಗಳ ಬೆಳವಣಿಗೆಯನ್ನು ತಡೆಯುತ್ತವೆ ಎಂಬುದು ನಿಜವಾದರೂ ಅವು ಒಳಗಿನ ಮಾಂಸದವರೆಗೆ ಇಳಿಯುವುದಿಲ್ಲ. ಮೀನನ್ನು ಕಾಯುವುದು ಉಪ್ಪು, ಒಣಗುವಿಕೆ ಮತ್ತು ಬಿಸಿ. ಹೊಗೆ ಮುಖ್ಯವಾಗಿ ಬಣ್ಣವನ್ನೂ ರುಚಿಯನ್ನೂ ಕೊಡುತ್ತದೆ. ಮೊದಲು ಉಪ್ಪು, ಆಮೇಲೆ ಒಣಗಿಸುವುದು, ಆಮೇಲೆ ತೆಳುವಾದ ಮಸಾಲೆ, ಕೊನೆಗೆ ಹೊಗೆ ಮತ್ತು ಬಿಸಿ ಎಂಬ ಈ ಅನುಕ್ರಮವನ್ನು ತಪ್ಪಿಸದೆ ನಡೆದರೆ ಉಳಿದದ್ದೆಲ್ಲ ಕೈಗೆ ಬರುವ ಕೆಲಸ.

ಹೊಗೆ ಹಾಕುವುದರಲ್ಲಿ ತಂಪು ಹೊಗೆ, ಬಿಸಿ ಹೊಗೆ ಎಂಬ ಎರಡು ಕ್ರಮಗಳಿವೆ. ತಂಪು ಹೊಗೆಯಲ್ಲಿ ಮೀನು ಬೇಯುವುದಿಲ್ಲ. ಸುಮಾರು 30 ಡಿಗ್ರಿಗಿಂತ ಕಡಿಮೆ ಬಿಸಿಯಲ್ಲಿ ಬಹಳ ಹೊತ್ತು ಹೊಗೆಯಲ್ಲಿರುತ್ತದೆ. ನಮ್ಮಲ್ಲಿ ನೆರಳಿನ ಗಾಳಿಯೇ ಎಷ್ಟೋ ತಿಂಗಳು ಅದಕ್ಕಿಂತ ಬಿಸಿಯಾಗಿರುತ್ತದೆ, ಅಲ್ಲದೆ ಸಿಹಿನೀರಿನ ಮೀನಿನಲ್ಲಿ ಪರೋಪಜೀವಿ ಹುಳುಗಳಿರುವ ಸಾಧ್ಯತೆಯಿದ್ದು ಬೇಯಿಸದೆ ತಿನ್ನುವುದು ಅಪಾಯಕರ. ಆ ಕ್ರಮವನ್ನು ಮನೆಯಲ್ಲಿ ಪ್ರಯತ್ನಿಸಲೇಬಾರದು. ಇಲ್ಲಿ ಹೇಳುವುದೆಲ್ಲ ಮೀನು ಹೊಗೆಯಲ್ಲೇ ಪೂರ್ತಿಯಾಗಿ ಬೇಯುವ ಬಿಸಿ ಹೊಗೆಯ ಕ್ರಮಕ್ಕೆ ಸಂಬಂಧಿಸಿದ್ದು.

ಮೀನಿನ ಆಯ್ಕೆ

ಕೊಬ್ಬಿರುವ ಮೀನು ಹೊಗೆಯನ್ನು ಚೆನ್ನಾಗಿ ಹಿಡಿದುಕೊಳ್ಳುತ್ತದೆ, ಬೇಗ ಒಣಗಿ ಬಿರುಸಾಗುವುದೂ ಇಲ್ಲ. ಈ ಕಾರಣಕ್ಕೆ 2 ರಿಂದ 3 ಕೆಜಿ ತೂಗುವ ಕಾಟ್ಲಾದ ಹೊಟ್ಟೆ ಭಾಗ ನನ್ನ ಮೊದಲ ಆಯ್ಕೆ. ರೋಹು ಕೂಡ ಆಗುತ್ತದೆ, ಆದರೆ ಅದನ್ನು ತುಸು ಬೇಗನೆ ಇಳಿಸಬೇಕು. ಜಿಲೇಬಿ ಮೀನನ್ನು, ಅಂದರೆ ತಿಲಾಪಿಯಾವನ್ನು, ಇಡಿಯಾಗಿಯೇ ಹಾಕಬಹುದು. ಮುಳ್ಳಿನ ಕಾಟ ಬೇಡವೆನ್ನುವವರಿಗೆ ಕೊರಮೀನು ಒಳ್ಳೆಯದು, ಬೆಲೆ ಮಾತ್ರ ಹೆಚ್ಚು. ಕರಾವಳಿಯಿಂದ ಮಂಜುಗಡ್ಡೆಯಲ್ಲಿ ಬರುವ ಬಂಗುಡೆ ಹೊಗೆಗೆ ಹೇಳಿ ಮಾಡಿಸಿದ ಮೀನಾದರೂ ಅದರಲ್ಲಿ ಒಂದು ಎಚ್ಚರಿಕೆ ಅಗತ್ಯ: ದಾರಿಯಲ್ಲಿ ಮಂಜು ಕರಗಿ ಬಿಸಿ ತಾಗಿದ್ದರೆ ಅದರ ಮಾಂಸದಲ್ಲಿ ಹಿಸ್ಟಮಿನ್ ಎಂಬ ವಸ್ತು ಉಂಟಾಗುತ್ತದೆ. ಅದು ಬೇಯಿಸಿದರೂ ಹೋಗುವುದಿಲ್ಲ. ತಿಂದವರಿಗೆ ಮುಖ ಕೆಂಪೇರುವುದು, ಮೈ ತುರಿಕೆ, ತಲೆನೋವು ಬರಬಹುದು. ಜಲಾಶಯದ ಪಕ್ಕದ ಮುನಿರಾಬಾದಿನ ಆಸುಪಾಸಿನಲ್ಲಿ ಹಿಡಿದ ದಿನವೇ ಮಾರುವ ಮೀನು ಸಿಗುವಾಗ ಅಷ್ಟು ದೂರದಿಂದ ಬಂದದ್ದನ್ನು ನೆಚ್ಚುವ ಅಗತ್ಯ ನನಗೆ ಕಾಣುವುದಿಲ್ಲ.

ಕಣ್ಣು ಉಬ್ಬಿ ಹೊಳೆಯುತ್ತಿರಬೇಕು, ಕಿವಿರು ಕೆಂಪಗಿರಬೇಕು, ಬೆರಳಿಂದ ಒತ್ತಿದ ಗುಣಿ ಕೂಡಲೇ ಮೇಲೆದ್ದು ಬರಬೇಕು. ಹಳಸಿದ ಮೀನಿನ ವಾಸನೆಯನ್ನು ಹೊಗೆ ಮುಚ್ಚುತ್ತದೆಯೇ ಹೊರತು ಮೀನನ್ನು ತಾಜಾ ಮಾಡುವುದಿಲ್ಲ. ಪೇಟೆಯಿಂದ ಮನೆಗೆ ಒಯ್ಯುವಾಗ ಮೀನಿನ ತೂಕದಷ್ಟೇ ಮಂಜುಗಡ್ಡೆಯನ್ನು ಜೊತೆಗೆ ಹಾಕಿಸಿಕೊಳ್ಳಬೇಕು. ಬೈಕಿನ ಹಿಂದೆ ಕಪ್ಪು ಪ್ಲಾಸ್ಟಿಕ್ ಚೀಲದಲ್ಲಿ ತೂಗುಹಾಕಿಕೊಂಡು ಬರುವ ಅಭ್ಯಾಸವನ್ನು ಈ ಕೆಲಸಕ್ಕಾದರೂ ಬಿಡಬೇಕು.

ಕೊಯ್ಯುವುದು ಮತ್ತು ತೊಳೆಯುವುದು

ಹುರುಪೆ ತೆಗೆದು, ಹೊಟ್ಟೆ ಸೀಳಿ, ಕಿವಿರು ಕಿತ್ತು, ಬೆನ್ನುಮೂಳೆಗೆ ಅಂಟಿದಂತೆ ಒಳಗೆ ಸಾಗುವ ಕಪ್ಪುಗೆಂಪು ರಕ್ತದ ಗೆರೆಯನ್ನು ಚಮಚದಿಂದ ಕೆರೆದು ತೆಗೆಯಬೇಕು. ಈ ಗೆರೆ ಉಳಿದರೆ ಹೊಗೆಯ ಬಳಿಕ ಕಹಿಯಾಗಿ ಬಾಯಿಗೆ ಸಿಗುತ್ತದೆ. ಪಿತ್ತದ ಚೀಲ ಒಡೆಯದಂತೆ ನೋಡಿಕೊಳ್ಳಬೇಕು. ರೋಹು, ಕಾಟ್ಲಾ ಜಾತಿಯ ಮೀನುಗಳ ಪಿತ್ತವನ್ನು ಔಷಧಿಯೆಂದು ನುಂಗುವವರು ಇದ್ದಾರೆ. ಅದು ಮೂತ್ರಪಿಂಡವನ್ನು ಕೆಡಿಸುವ ವಿಷ, ಬೇಯಿಸಿದರೂ ವಿಷವೇ. ಅದನ್ನು ಬೆಕ್ಕು ನಾಯಿಗಳಿಗೂ ಸಿಗದಂತೆ ಹೂಳುವುದು ಒಳ್ಳೆಯದು.

ತುಂಡುಗಳು 2 ರಿಂದ 2.5 ಸೆಂಟಿಮೀಟರ್ ದಪ್ಪವಿದ್ದು, ಆದಷ್ಟೂ ಒಂದೇ ಅಳತೆಯಲ್ಲಿರಬೇಕು. ಹೆಚ್ಚು ಕಡಿಮೆಯಾದರೆ ಒಂದಕ್ಕೆ ಉಪ್ಪು ಏರಿ ಇನ್ನೊಂದು ಸಪ್ಪೆ ಉಳಿಯುತ್ತದೆ. ಚರ್ಮ ಬಿಡಿಸಬಾರದು, ಏಕೆಂದರೆ ಜಾಲರಿಯ ಮೇಲೆ ತುಂಡು ಒಡೆಯದಂತೆ ಹಿಡಿದಿಡುವುದು ಚರ್ಮವೇ. ಕಾಟ್ಲಾ, ರೋಹುಗಳ ಮಾಂಸದ ನಡುವೆ ಕವಲೊಡೆದ ಸಣ್ಣ ಮುಳ್ಳುಗಳಿರುತ್ತವೆ. ಉದ್ದಕ್ಕೆ ಸೀಳಿದ ಹೋಳುಗಳಾದರೆ ಮಾಂಸದ ಕಡೆಯಿಂದ 3 ಅಥವಾ 4 ಮಿಲಿಮೀಟರಿಗೊಂದರಂತೆ, ಚರ್ಮ ಮುಟ್ಟುವ ಮೊದಲೇ ಚಾಕು ನಿಲ್ಲಿಸಿ ಅಡ್ಡ ಗೀರು ಹಾಕಿದರೆ ಆ ಮುಳ್ಳುಗಳು ತುಂಡಾಗಿ ಅಷ್ಟಾಗಿ ಚುಚ್ಚುವುದಿಲ್ಲ. ಇದು ತಾಳ್ಮೆ ಬೇಡುವ ಕೆಲಸ, ಆದರೆ ಮನೆಯಲ್ಲಿ ಮಕ್ಕಳಿದ್ದರೆ ಮಾಡಲೇಬೇಕಾದದ್ದು.

ಉಪ್ಪುನೀರು

ಒಂದು ಕೆಜಿ ತುಂಡುಗಳಿಗೆ ಒಂದು ಲೀಟರ್ ನೀರು, 100 ಗ್ರಾಂ ಉಪ್ಪು, 40 ಗ್ರಾಂ ಬೆಲ್ಲ ಸಾಕು. ಉಪ್ಪನ್ನು ತಕ್ಕಡಿಯಲ್ಲಿ ತೂಗಿಯೇ ಹಾಕಬೇಕು. ಹರಳುಪ್ಪಿನ ಒಂದು ಬಟ್ಟಲಿಗೂ ಪುಡಿಯುಪ್ಪಿನ ಒಂದು ಬಟ್ಟಲಿಗೂ ತೂಕದಲ್ಲಿ ಬಹಳ ವ್ಯತ್ಯಾಸವಿರುತ್ತದೆ. ಇದೇ ನೀರಿಗೆ ಜಜ್ಜಿದ ಬೆಳ್ಳುಳ್ಳಿ ಎಂಟು ಹತ್ತು ಎಸಳು, ಒಂದು ತುಂಡು ಶುಂಠಿ, ಒಂದು ಚಮಚ ಕೊತ್ತಂಬರಿ ಬೀಜ, ಅರ್ಧ ಚಮಚ ಕಾಳುಮೆಣಸು, ಕಾಲು ಚಮಚ ಅರಿಶಿನ ಹಾಕಿ ಕುದಿಸಿ, ಪೂರ್ತಿ ಆರಿಸಿ, ಫ್ರಿಜ್ಜಿನಲ್ಲಿಟ್ಟು ತಣ್ಣಗಾದ ಮೇಲಷ್ಟೇ ಮೀನನ್ನು ಮುಳುಗಿಸಬೇಕು. ಮಸಾಲೆಯ ಪರಿಮಳದಲ್ಲಿ ಬಹುಪಾಲು ಮೀನಿನೊಳಗೆ ಹೋಗುವುದು ಈ ಹಂತದಲ್ಲಿಯೇ. ಫ್ರಿಜ್ಜಿನೊಳಗೆ 4 ಡಿಗ್ರಿಗಿಂತ ಕಡಿಮೆ ಬಿಸಿಯಲ್ಲಿ ಎರಡರಿಂದ ಮೂರು ಗಂಟೆ ಇಟ್ಟರೆ ಮೇಲೆ ಹೇಳಿದ ದಪ್ಪದ ತುಂಡಿಗೆ ಹದವಾದ ಉಪ್ಪು ಹಿಡಿಯುತ್ತದೆ. ಸಂದೇಹವಿದ್ದವರು ಒಂದು ಸಣ್ಣ ಚೂರನ್ನು ತವೆಯ ಮೇಲೆ ಬೇಯಿಸಿ ರುಚಿ ನೋಡಬಹುದು. ಉಪ್ಪು ಹೆಚ್ಚಾಗಿದ್ದರೆ ತುಂಡುಗಳನ್ನು ಹತ್ತು ನಿಮಿಷ ತಣ್ಣೀರಿನಲ್ಲಿಟ್ಟರೆ ಇಳಿಯುತ್ತದೆ. ಬಳಸಿದ ಉಪ್ಪುನೀರನ್ನು ಚೆಲ್ಲಬೇಕು, ಮರುಬಳಕೆ ಸಲ್ಲದು.

ಕೆರೆ ಅಥವಾ ಹೊಂಡದಲ್ಲಿ ಸಾಕಿದ ಮೀನಿಗೆ ಕೆಲವೊಮ್ಮೆ ಮಣ್ಣಿನ ವಾಸನೆ ಇರುತ್ತದೆ. ನೀರಿನಲ್ಲಿರುವ ಕೆಲವು ಸೂಕ್ಷ್ಮಜೀವಿಗಳು ಉಂಟುಮಾಡುವ ಜಿಯೋಸ್ಮಿನ್ ಎಂಬ ವಸ್ತು ಇದಕ್ಕೆ ಕಾರಣ, ಮತ್ತು ಅದು ಹುಳಿಗೆ ಮಣಿಯುತ್ತದೆ. ಅಂಥ ಮೀನನ್ನು ಉಪ್ಪುನೀರಿಗೆ ಹಾಕುವ ಮೊದಲು ತೆಳುವಾದ ಹುಣಸೆ ನೀರಿನಲ್ಲಿ 15 ನಿಮಿಷ ಇಟ್ಟು ತೊಳೆಯಬೇಕು. ನಿಂಬೆರಸದಲ್ಲಿ ಅಥವಾ ಮೊಸರಿನಲ್ಲಿ ರಾತ್ರಿಯಿಡೀ ನೆನೆಹಾಕುವುದು ಬೇಡ. ಹುಳಿ ಹೆಚ್ಚು ಹೊತ್ತು ತಾಗಿದರೆ ಮಾಂಸ ಬೆಳ್ಳಗಾಗಿ ಮೆತ್ತಗೆ ಉದುರತೊಡಗುತ್ತದೆ.

ಒಣಗಿಸುವುದು, ಆಮೇಲೆ ಮಸಾಲೆ

ತವೆಗೆ ಹಾಕುವ ಮೀನಿಗೆ ಹಚ್ಚುವಂತೆ ದಪ್ಪ ಖಾರ ಬಳಿದು ನೇರವಾಗಿ ಹೊಗೆಗೆ ಇಡುವ ಆಸೆ ಎಲ್ಲರಿಗೂ ಆಗುತ್ತದೆ. ಒದ್ದೆ ಮಸಾಲೆಯ ಮೇಲೆ ಕುಳಿತ ಹೊಗೆ ಮೀನಿಗೆ ತಲುಪದೆ ಮಸಾಲೆಯಲ್ಲೇ ಉಳಿದು, ಹುಳಿಮಿಶ್ರಿತ ಮಸಿಯ ರುಚಿ ಕೊಡುತ್ತದೆ. ಉಪ್ಪುನೀರಿನಿಂದ ತೆಗೆದ ತುಂಡುಗಳನ್ನು ಒಮ್ಮೆ ತೊಳೆದು, ಶುಭ್ರವಾದ ಹತ್ತಿ ಬಟ್ಟೆಯಿಂದ ಒರೆಸಿ, ಜಾಲರಿಯ ಮೇಲೆ ಒಂದಕ್ಕೊಂದು ತಾಗದಂತೆ ಹರವಬೇಕು. ಮೇಲ್ಮೈ ಒಣಗುತ್ತ ಬಂದಂತೆ, ಮುಟ್ಟಿದರೆ ಬೆರಳಿಗೆ ತುಸು ಅಂಟುವ ಆದರೆ ಒದ್ದೆಯಾಗಿರದ, ಹೊಳಪಿನ ತೆಳು ಪೊರೆಯೊಂದು ಮೂಡುತ್ತದೆ. ಹೊಗೆ ಹಿಡಿಯುವುದು ಈ ಪೊರೆಗೆ. ಒಳಗಿನ ರಸವನ್ನು ಸೋರದಂತೆ ತಡೆಯುವುದೂ ಇದೇ. ಚಳಿಗಾಲದ ಮುಂಜಾವಿನಲ್ಲಿ ಫ್ಯಾನಿನ ಗಾಳಿಗೆ ಒಂದು ಗಂಟೆಯೊಳಗೆ ಇದು ಸಿದ್ಧವಾಗುತ್ತದೆ. ಒಣಹವೆಯ ನಮ್ಮ ಸೀಮೆಗೆ ಕರಾವಳಿಯವರಿಗಿಂತ ಅನುಕೂಲ ಹೆಚ್ಚಿರುವುದು ಈ ಒಂದು ಹಂತದಲ್ಲಿ. ಬೇಸಿಗೆಯಲ್ಲಾದರೆ ಹೊರಗೆ ಇಡದೆ, ಮುಚ್ಚದ ತಟ್ಟೆಯಲ್ಲಿ ಫ್ರಿಜ್ಜಿನೊಳಗೇ ರಾತ್ರಿಯಿಡೀ ಒಣಗಿಸಬೇಕು. ಬಿಸಿಲಿಗೆ ಇಡುವುದು ಯಾವ ಕಾಲದಲ್ಲೂ ಕೂಡದು; ಮೇಲ್ಪದರ ಬೇಗ ಗಟ್ಟಿಯಾಗಿ ಒಳಗೆ ನೀರು ಉಳಿಯುತ್ತದೆ, ನೊಣವೂ ಕೂರುತ್ತದೆ.

ಪೊರೆ ಮೂಡಿದ ಮೇಲೆ ಮಸಾಲೆಯ ಸರದಿ. ಎರಡು ಚಮಚ ಬ್ಯಾಡಗಿ ಮೆಣಸಿನ ಪುಡಿ, ಅರ್ಧ ಚಮಚ ಹುರಿದ ಜೀರಿಗೆಯ ಪುಡಿ, ಅರ್ಧ ಚಮಚ ಕಾಳುಮೆಣಸಿನ ಪುಡಿ, ಗಟ್ಟಿಯಾಗಿ ಹಿಂಡಿ ಸೋಸಿದ ಹುಣಸೆ ರಸ ಒಂದು ಚಮಚ, ಇಷ್ಟನ್ನು ಕಲಸಿ, ಮೀನಿನ ಬಣ್ಣ ಕಾಣುವಷ್ಟು ತೆಳುವಾಗಿ ಸವರಿ, ಮತ್ತೆ 20 ನಿಮಿಷ ಆರಲು ಬಿಡಬೇಕು. ಉಪ್ಪು ಸೇರಿಸಬೇಕಾಗಿಲ್ಲ. ರುಬ್ಬಿದ ಉಳ್ಳಾಗಡ್ಡಿ, ಕೊಬ್ಬರಿ ಬೇಡ. ಅವುಗಳಲ್ಲಿ ನೀರಿನ ಅಂಶ ಮತ್ತು ಜಿಡ್ಡು ಹೆಚ್ಚು. ಎಣ್ಣೆ ಸವರುವುದಾದರೆ ಕೊನೆಯ ಅರ್ಧ ಗಂಟೆಯಲ್ಲಿ.

ಎರಡು ಡಬ್ಬಿಗಳ ಹೊಗೆಗೂಡು

ಅಡುಗೆ ಎಣ್ಣೆ ತುಂಬಿ ಬರುವ 15 ಕೆಜಿ ಡಬ್ಬಿಗಳು ಎರಡು ಸಾಕು. ಕೆಳಗಿನ ಡಬ್ಬಿ ಒಲೆ: ಅದರ ಮೇಲ್ಮುಚ್ಚಳ ಕತ್ತರಿಸಿ, ಬುಡದ ಹತ್ತಿರ ಒಂದು ಬದಿಯಲ್ಲಿ ಅಂಗೈ ಅಗಲದ ಬಾಗಿಲು ಮಾಡಬೇಕು. ಮೇಲಿನ ಡಬ್ಬಿಯ ತಳ, ಮೇಲ್ಭಾಗ ಎರಡನ್ನೂ ತೆಗೆದು, ಎದುರು ಬದುರು ತೂತು ಕೊರೆದು ಕಬ್ಬಿಣದ ಸರಳುಗಳನ್ನು ಎರಡು ಎತ್ತರದಲ್ಲಿ ತೂರಿಸಿದರೆ ಅವುಗಳ ಮೇಲೆ ಸ್ಟೀಲ್ ಜಾಲರಿ ಕೂರುತ್ತದೆ. ಒಂದು ಕೆಜಿಯಷ್ಟು ಮೀನು ಇದರಲ್ಲಿ ಹಿಡಿಯುತ್ತದೆ. ಎರಡು ಡಬ್ಬಿಗಳ ನಡುವೆ ಅಂಚಿನ ಸುತ್ತ ಮಾತ್ರ ತೂತುಗಳಿರುವ ತಗಡೊಂದನ್ನು ಇಡುವುದು ಕಡ್ಡಾಯ. ಮೀನಿನಿಂದ ತೊಟ್ಟಿಕ್ಕುವ ಕೊಬ್ಬು ಕೆಂಡದ ಮೇಲೆ ಬಿದ್ದು ಸುಟ್ಟರೆ ಏಳುವ ಹೊಗೆಯಲ್ಲಿ ಬೆಂಜೋಪೈರೀನ್‌ನಂಥ ಕ್ಯಾನ್ಸರ್‌ಕಾರಕ ವಸ್ತುಗಳಿರುತ್ತವೆ; ಈ ತಗಡು ಆ ಕೊಬ್ಬನ್ನು ತಡೆಯುತ್ತದೆ. ಹೊಗೆ ಹಾಕಿದ ಮತ್ತು ನೇರ ಬೆಂಕಿಯಲ್ಲಿ ಒಣಗಿಸಿದ ಆಹಾರದಲ್ಲಿ ಇಂಥ ವಸ್ತುಗಳನ್ನು ತಗ್ಗಿಸುವ ಬಗ್ಗೆ ಆಹಾರದ ಮಾನದಂಡಗಳನ್ನು ರೂಪಿಸುವ ಅಂತರರಾಷ್ಟ್ರೀಯ ಕೋಡೆಕ್ಸ್ ಆಯೋಗ 2009ರಲ್ಲಿ ಮಾರ್ಗಸೂಚಿಯನ್ನೇ ಹೊರಡಿಸಿದೆ.

ಸತುವಿನ ಲೇಪನವಿರುವ ಬಕೆಟ್ಟು, ಜಾಲರಿ, ತಗಡುಗಳನ್ನು ಬಳಸಬಾರದು, ಏಕೆಂದರೆ ಬಿಸಿಗೆ ಆ ಲೇಪನದಿಂದ ವಿಷಕಾರಿ ಹೊಗೆ ಏಳುತ್ತದೆ. ರಾಸಾಯನಿಕ, ಕೀಟನಾಶಕ, ಬಣ್ಣ ತುಂಬಿದ್ದ ಡಬ್ಬಿಯಂತೂ ಬೇಡವೇ ಬೇಡ. ಎಣ್ಣೆ ಡಬ್ಬಿಯನ್ನೂ ಮೊದಲು ಬಯಲಿನಲ್ಲಿ ಖಾಲಿಯಾಗಿ ಕಾಸಿ, ಹೊರಗಿನ ಅಚ್ಚಿನ ಬಣ್ಣ ಸುಟ್ಟು ವಾಸನೆ ಪೂರ್ತಿ ಹೋದ ಮೇಲೆ ತೊಳೆದು ಬಳಸಬೇಕು. ಡಬ್ಬಿಗಳ ಸಂದುಗಳನ್ನು ಮೆತ್ತಲು ಎರೆಮಣ್ಣು ಕೆಲಸಕ್ಕೆ ಬಾರದು, ಒಣಗುತ್ತಲೇ ಬಿರಿಯುತ್ತದೆ. ಕೆಂಪುಮಣ್ಣಿಗೆ ಭತ್ತದ ಹೊಟ್ಟು ಬೆರೆಸಿ ಕಲಸಿದರೆ ನಿಲ್ಲುತ್ತದೆ. ಮೇಲೆ ಒಂದು ತಟ್ಟೆ ಮುಚ್ಚಿ, ಒಂದು ಬದಿಗೆ ಬೆರಳು ತೂರುವಷ್ಟು ಸಂದು ಬಿಡಬೇಕು. ಮೇವಿನ ಬಣವೆ, ಹತ್ತಿಕಟ್ಟಿಗೆಯ ರಾಶಿ, ಒಣಗಹಾಕಿದ ಬಟ್ಟೆ ಇವುಗಳಿಂದ ದೂರವಿರುವ ಅಂಗಳವೇ ಇದಕ್ಕೆ ತಕ್ಕ ಜಾಗ; ಪಕ್ಕದಲ್ಲಿ ಒಂದು ಕೊಡ ನೀರಿರಲಿ. ಮನೆಯೊಳಗೆ ಇದ್ದಿಲು ಉರಿಸಿದರೆ ಕಾರ್ಬನ್ ಮೊನಾಕ್ಸೈಡ್‌ನಿಂದ ಪ್ರಾಣಾಪಾಯವಿದೆ.

ಯಾವ ಕಟ್ಟಿಗೆ

ಮಾವು ಮತ್ತು ಪೇರಲ ಕಟ್ಟಿಗೆಯ ಹೊಗೆ ಮೃದು. ಸಿಹಿನೀರಿನ ಮೀನಿಗೆ ಇವೇ ಸರಿ. ಭತ್ತದ ಹೊಟ್ಟು ಜ್ವಾಲೆಯಿಲ್ಲದೆ ನಿಧಾನವಾಗಿ ಸುಡುವುದರಿಂದ ಹೊಗೆಯನ್ನು ಒಂದೇ ಸಮನೆ ಕೊಡುತ್ತದೆ, ಆದರೆ ಅದು ಒಣಗಿರಬೇಕು, ಬೂಸ್ಟು ಹಿಡಿದಿರಬಾರದು. ನಮ್ಮ ಬಯಲುಗಳಲ್ಲಿ ಕಾಡಿನಂತೆ ಹಬ್ಬಿರುವ ಬಳ್ಳಾರಿ ಜಾಲಿ, ಅಮೆರಿಕದಲ್ಲಿ ಮಾಂಸ ಸುಡಲು ಬಳಸುವ ಮೆಸ್ಕೀಟ್ ಮರದ ಹತ್ತಿರದ ಬಂಧು. ಅದರ ಇದ್ದಿಲು ಗಟ್ಟಿಯಾಗಿದ್ದು ಬಹಳ ಹೊತ್ತು ಬಿಸಿ ಕೊಡುವುದರಿಂದ ಒಲೆಗೆ ಅತ್ಯುತ್ತಮ. ಅದರ ಕಟ್ಟಿಗೆಯ ಹೊಗೆ ಮಾತ್ರ ತೀಕ್ಷ್ಣ, ಒಂದೆರಡು ಚೂರಿಗಿಂತ ಹೆಚ್ಚಾದರೆ ಮೀನಿನ ರುಚಿಯೇ ಉಳಿಯುವುದಿಲ್ಲ. ಬೇವು ಕಹಿ; ನೀಲಗಿರಿಯ ಕಟ್ಟಿಗೆ ಎಣ್ಣೆಯ ವಾಸನೆ ಬಿಡುತ್ತದೆ. ಕಣಗಿಲೆ ವಿಷದ ಗಿಡ, ಅದರ ಒಂದು ಕಡ್ಡಿಯೂ ಒಲೆಯ ಹತ್ತಿರ ಸುಳಿಯಬಾರದು. ಪ್ಲೈವುಡ್, ಬಣ್ಣ ಬಳಿದ ಹಲಗೆ, ಹಣ್ಣಿನ ಪೆಟ್ಟಿಗೆಯ ತುಂಡುಗಳೂ ಬೇಡ. ಕಟ್ಟಿಗೆಯನ್ನು ನೀರಿನಲ್ಲಿ ನೆನೆಸುವ ಸಲಹೆ ಅಲ್ಲಲ್ಲಿ ಕೇಳಿಬರುತ್ತದೆ. ಅದರಿಂದ ಬರುವುದು ಹೊಗೆಗಿಂತ ಹಬೆಯೇ ಹೆಚ್ಚು, ಹೀಗಾಗಿ ನಾನು ಅದನ್ನು ಒಪ್ಪುವುದಿಲ್ಲ.

ಹೊಗೆ ಮತ್ತು ಬಿಸಿ

ಅರ್ಧ ಕೆಜಿ ಇದ್ದಿಲನ್ನು ಹೊರಗೆ ಹೊತ್ತಿಸಿ, ಮೇಲೆ ಬೂದಿ ಕಟ್ಟಿದ ಮೇಲೆ ಕೆಳಗಿನ ಡಬ್ಬಿಗೆ ಹಾಕಬೇಕು. ಮೊದಲ ಅರ್ಧ ಗಂಟೆ ಬಿಸಿ 50 ರಿಂದ 60 ಡಿಗ್ರಿಯಲ್ಲಿದ್ದು ಮೇಲಿನ ಸಂದು ಅಗಲವಾಗಿ ತೆರೆದಿರಲಿ. ಮೀನಿನ ಮೇಲೆ ಉಳಿದ ತೇವ ಈ ಹೊತ್ತಿನಲ್ಲಿ ಹೋಗುತ್ತದೆ. ಆಮೇಲೆ ಹೆಬ್ಬೆರಳಿನ ಗಾತ್ರದ ಮಾವಿನ ಚೂರುಗಳನ್ನು ನಾಲ್ಕೈದು, ಅವುಗಳ ಮೇಲೆ ಒಂದು ಹಿಡಿ ಹೊಟ್ಟು ಹಾಕಿ, 70 ರಿಂದ 80 ಡಿಗ್ರಿಯಲ್ಲಿ ಒಂದು ಗಂಟೆ ಹೊಗೆ ಕೊಡಬೇಕು. ಇಪ್ಪತ್ತು ನಿಮಿಷಕ್ಕೊಮ್ಮೆ ಒಂದು ಹಿಡಿ ಹೊಟ್ಟು ಸೇರಿಸುತ್ತ ಹೋದರೆ ಸಾಕಾಗುತ್ತದೆ. ಹೊರಬರುವ ಹೊಗೆ ತಿಳಿಯಾಗಿ, ತುಸು ನೀಲಿ ಛಾಯೆಯಲ್ಲಿರಬೇಕು. ದಟ್ಟ ಬಿಳಿ ಅಥವಾ ಹಳದಿ ಹೊಗೆ ಬರುತ್ತಿದ್ದರೆ ಗಾಳಿ ಸಾಲುತ್ತಿಲ್ಲವೆಂದು ತಿಳಿದು ಕೆಳಗಿನ ಬಾಗಿಲನ್ನು ತೆರೆಯಬೇಕು. ಜ್ವಾಲೆ ಎದ್ದರೆ ಅದೇ ಬಾಗಿಲನ್ನು ಕಿರಿದು ಮಾಡಬೇಕು.

ಈ ಕಡಿಮೆ ಬಿಸಿಯ ಹಂತವನ್ನು ಎರಡು ಗಂಟೆಗಿಂತ ಹೆಚ್ಚು ಎಳೆಯಬಾರದು. ಬಳಿಕ ಇದ್ದಿಲು ಸೇರಿಸಿ ಗೂಡಿನ ಬಿಸಿಯನ್ನು 100 ಡಿಗ್ರಿಯ ಆಸುಪಾಸಿಗೆ ಏರಿಸಿ, ಅತಿ ದಪ್ಪದ ತುಂಡಿನ ನಡುಭಾಗ 66 ಡಿಗ್ರಿ ಮುಟ್ಟಿ, ಅರ್ಧ ಗಂಟೆಯಾದರೂ ಅದಕ್ಕಿಂತ ಇಳಿಯದಂತೆ ನೋಡಿಕೊಳ್ಳಬೇಕು. ಇದು ಕಣ್ಣಂದಾಜಿಗೆ ಸಿಗುವ ವಿಷಯವಲ್ಲ. ಚುಚ್ಚಿ ನೋಡುವ ಡಿಜಿಟಲ್ ಥರ್ಮಾಮೀಟರ್ ಕೊಳ್ಳಲೇಬೇಕು. ಹೊಗೆಯ ಕಂದು ಬಣ್ಣ ಬಂದ ಮಾತ್ರಕ್ಕೆ ಒಳಗೆ ಬೆಂದಿದೆ ಎಂದು ನಂಬುವಂತಿಲ್ಲ. ಗಾಳಿ ಜೋರಾದ ದಿನ ತೆಳು ಡಬ್ಬಿಯಲ್ಲಿ ಬಿಸಿ ನಿಲ್ಲದೇ ಹೋಗಬಹುದು. ಆಗ ಮೀನನ್ನು ತೆಗೆದು ಓವನ್ನಿನಲ್ಲಿ, ಅಥವಾ ಮುಚ್ಚಿದ ಕಬ್ಬಿಣದ ತವೆಯ ಮೇಲೆ ಸಣ್ಣ ಉರಿಯಲ್ಲಿ, ಅದೇ ಅಳತೆಗೆ ಬೇಯಿಸಿ ಮುಗಿಸಿದರೆ ರುಚಿಗೆ ಯಾವ ನಷ್ಟವೂ ಇಲ್ಲ. ತುಂಡುಗಳ ಮೇಲೆ ಬಿಳಿ ಗಸಿಯಂಥದ್ದು ಉಕ್ಕಿ ನಿಂತರೆ ಬಿಸಿಯನ್ನು ಅವಸರದಲ್ಲಿ ಏರಿಸಲಾಗಿದೆ ಎಂದರ್ಥ. ಅದು ಮೀನಿನ ಪ್ರೋಟೀನ್, ಒರೆಸಿ ತಿನ್ನಬಹುದು.

ಇಡುವುದು ಮತ್ತು ಬಳಸುವುದು

ಬಿಸಿ ಮೀನನ್ನು ಮುಚ್ಚಿಟ್ಟರೆ ಬೆವರುತ್ತದೆ. ನೊಣ ಕೂರದಂತೆ ಜಾಲರಿ ಮುಚ್ಚಿ ಆರಿಸಿ, ಎರಡು ಗಂಟೆಯೊಳಗೆ ಫ್ರಿಜ್ಜಿಗೆ ಸೇರಿಸಬೇಕು. ಬೇಸಿಗೆಯಾದರೆ ಒಂದು ಗಂಟೆಯೊಳಗೆ. ಬೆಣ್ಣೆ ಕಾಗದದಲ್ಲಿ ಸಡಿಲವಾಗಿ ಸುತ್ತಿಟ್ಟು ನಾಲ್ಕು ದಿನದೊಳಗೆ ತಿಂದು ಮುಗಿಸುವುದು ಕ್ಷೇಮ, ಫ್ರೀಜರಿನಲ್ಲಾದರೆ ಎರಡು ತಿಂಗಳು ರುಚಿ ಕೆಡದು. ಇದನ್ನು ಎಣ್ಣೆಯಲ್ಲಿ ಮುಳುಗಿಸಿ ಭರಣಿಯಲ್ಲಿ ಹೊರಗಿಡುವುದು, ಗಾಳಿ ತೆಗೆದ ಪೊಟ್ಟಣದಲ್ಲಿ ಕಟ್ಟಿಡುವುದು ಎರಡೂ ಕೂಡದು. ಗಾಳಿಯಿಲ್ಲದ ಕಡೆ ಬೆಳೆದು ಮಾರಕ ವಿಷ ಉಂಟುಮಾಡುವ ಬೊಟುಲಿನಮ್ ಬ್ಯಾಕ್ಟೀರಿಯಾಗೆ ಅದು ಅನುಕೂಲವಾದ ಜಾಗ, ಮತ್ತು ಆ ವಿಷವನ್ನು ವಾಸನೆಯಿಂದಾಗಲಿ ಬಣ್ಣದಿಂದಾಗಲಿ ಗುರುತಿಸಲಾಗದು. ಕರೆಂಟು ಹೋಗಿ ಫ್ರಿಜ್ಜು ನಾಲ್ಕು ಗಂಟೆಗಿಂತ ಹೆಚ್ಚು ನಿಂತಿದ್ದರೆ ಮೀನನ್ನು ಎಸೆಯುವುದೇ ಲೇಸು. ಗರ್ಭಿಣಿಯರು, ವಯಸ್ಸಾದವರು ತಣ್ಣಗಿನದನ್ನು ಹಾಗೆಯೇ ತಿನ್ನದೆ, ಹಬೆಯಾಡುವಷ್ಟು ಬಿಸಿ ಮಾಡಿಕೊಂಡು ತಿನ್ನಬೇಕು.

ಸಜ್ಜೆ ರೊಟ್ಟಿಗಾಗಲಿ ಜೋಳದ ರೊಟ್ಟಿಗಾಗಲಿ ಇದನ್ನು ಬಿಡಿಸಿ, ಹೆಚ್ಚಿದ ಉಳ್ಳಾಗಡ್ಡಿ, ಹಸಿಮೆಣಸು, ನಿಂಬೆರಸ ಕಲಸಿ ಇಟ್ಟುಕೊಂಡರೆ ಬೇರೆ ಪಲ್ಯ ಬೇಕಾಗುವುದಿಲ್ಲ. ಬದನೆಕಾಯಿ ಹಾಕಿದ ಹುಳಿಸಾರಿಗೆ ಸೇರಿಸುವವರು ಸಾರು ಕುದಿದು ಇಳಿಸುವ ಐದು ನಿಮಿಷ ಮೊದಲು ಹಾಕಬೇಕು, ಉಪ್ಪನ್ನು ಮೀನು ಹಾಕಿದ ಮೇಲೆ ನೋಡಿ ಹೊಂದಿಸಬೇಕು. ಕೊಯ್ಯುವಾಗ ಉಳಿದ ತಲೆಯನ್ನು ಎರಡಾಗಿ ಸೀಳಿ, ಅದೇ ಉಪ್ಪುನೀರಿನಲ್ಲಿ ತುಂಡುಗಳ ಜೊತೆಗೇ ನೆನೆಸಿ, ಕೆಳಗಿನ ಜಾಲರಿಯಲ್ಲಿ ಹೊಗೆಗೆ ಇಡಬಹುದು; ಮರುದಿನದ ಸಾರಿಗೆ ತುಂಡುಗಳಿಗಿಂತ ಅದೇ ಹೆಚ್ಚು ರುಚಿ ಬಿಡುತ್ತದೆ. ಜಾಲರಿಯನ್ನು ಬಿಸಿಯಿರುವಾಗಲೇ ಬೂದಿ ಮತ್ತು ತೆಂಗಿನ ನಾರಿನಿಂದ ಉಜ್ಜಿ, ನಡುವಿನ ತಗಡಿನ ಮೇಲೆ ಕಟ್ಟಿದ ಜಿಡ್ಡನ್ನು ಪ್ರತಿ ಸಲವೂ ಕೆರೆದು ತೆಗೆದಿಡಬೇಕು, ಇಲ್ಲದಿದ್ದರೆ ಮುಂದಿನ ಸಲ ಆ ಹಳೆಯ ಕೊಬ್ಬೇ ಮೊದಲು ಹೊತ್ತಿಕೊಳ್ಳುತ್ತದೆ.